ಇಂಗ್ಲಿಷ್ ವಾಕ್ಯದ ಸಬ್ಜೆಕ್ಟ್, ಪ್ರೆಡಿಕೇಟ್: ಧಾರವಾಡದ ಹುಡುಗರು ಪದೇ ಪದೇ ಕೇಳುವ ಪ್ರಶ್ನೆಗಳು

ಧಾರವಾಡದ ಸಪ್ತಾಪುರದ ಕಡೆ ಸಂಜೆ ಹೊತ್ತು ಒಂದು ಸುತ್ತು ಹಾಕಿದರೆ ಸಾಕು, ಕೈಯಲ್ಲಿ ನೋಟ್ಸ್ ಹಿಡಿದ ಹುಡುಗ ಹುಡುಗಿಯರೇ ಕಾಣುತ್ತಾರೆ. ಹಾವೇರಿ, ಗದಗ, ನವಲಗುಂದ, ಕುಂದಗೋಳದಿಂದ ಬಂದು ರೂಮ್ ಮಾಡಿಕೊಂಡು ಎಫ್‌ಡಿಎ, ಪಿಎಸ್‌ಐ, ಟಿಇಟಿಯಂಥ ಸರ್ಕಾರಿ ನೌಕರಿಯ ಪರೀಕ್ಷೆಗಳಿಗೆ ಓದುವವರು. ಜಾಸ್ತಿ ಜನ ಕನ್ನಡ ಮಾಧ್ಯಮದವರು. ಅವರಲ್ಲಿ ಕೆಲವರಿಗೆ ನಾನು ಇಂಗ್ಲಿಷ್ ವ್ಯಾಕರಣ ಹೇಳಿಕೊಡುತ್ತೇನೆ. ತರಗತಿಯಲ್ಲಿ, ಚಹಾದಂಗಡಿ ಮುಂದೆ, ವಾಟ್ಸಾಪಿನಲ್ಲಿ ಮತ್ತೆ ಮತ್ತೆ ಬರುವ ಪ್ರಶ್ನೆಗಳನ್ನು ಇಲ್ಲಿ ಒಂದೆಡೆ ಹಾಕಿದ್ದೇನೆ. ಕೇಳಿದವರ ಮಾತನ್ನು ಹೆಚ್ಚು ತಿದ್ದಿಲ್ಲ.

## ಶುರುವಿನಲ್ಲಿ ಕೇಳುವವು

ಪ್ರೆಡಿಕೇಟ್ ಅಂದ್ರ ಏನ್ರೀ? ಒಂದ ಮಾತಿನಾಗ ಹೇಳ್ರಿ.

ಯಾರ ಬಗ್ಗೆ ಮಾತಾಡ್ತೀವೋ ಅದು ಸಬ್ಜೆಕ್ಟ್. ಅದರ ಬಗ್ಗೆ ಏನು ಹೇಳ್ತೀವೋ ಅದೆಲ್ಲ ಪ್ರೆಡಿಕೇಟ್.

ನೀವು ಬಸ್ ಸ್ಟಾಪಿನಲ್ಲಿ ನಿಂತಿದ್ದೀರಿ. ಪಕ್ಕದವರು 'ಚಿಗರಿ' (ಹುಬ್ಬಳ್ಳಿ, ಧಾರವಾಡದ ನಡುವೆ ಓಡುವ ಬಸ್ಸಿನ ಹೆಸರು) ಅಂದು ಸುಮ್ಮನಾಗುತ್ತಾರೆ. 'ಚಿಗರಿ ಏನಾಯ್ತ್ರಿ?' ಅಂತ ಕೇಳದೆ ಇರೋಕೆ ಆಗಲ್ಲ, ಅಲ್ವಾ? 'ಬಂತು' ಅಂದಾಗಲೇ ಮಾತು ಪೂರ್ತಿ ಆಗೋದು. ಆ 'ಬಂತು' ಇದೆಯಲ್ಲ, ಅದೇ ಪ್ರೆಡಿಕೇಟ್. ಸಾರಿ ಹೇಳು ಅನ್ನುವ ಅರ್ಥದ ಲ್ಯಾಟಿನ್ ಪದದಿಂದ ಬಂದ ಹೆಸರಿದು. ನಮ್ಮ ವ್ಯಾಕರಣದವರು ಇದಕ್ಕೆ ವಿಧೇಯ ಅನ್ನುತ್ತಾರೆ, ಸಬ್ಜೆಕ್ಟಿಗೆ ಉದ್ದೇಶ್ಯ.

ಪ್ರೆಡಿಕೇಟ್ ಅಂದ್ರೆ ವರ್ಬ್ ತಾನೆ? ಒಂದಕ್ಕೇ ಎರಡು ಹೆಸರು ಯಾಕೆ?

ಎರಡೂ ಒಂದೇ ಅಲ್ಲ. ವರ್ಬ್, ಅಂದರೆ ಕ್ರಿಯಾಪದ, ಒಂದು ಪದ, ಇಲ್ಲವೇ ಎರಡು ಮೂರು ಪದಗಳ ಗುಂಪು. ಪ್ರೆಡಿಕೇಟ್ ಅಂದರೆ ಆ ವರ್ಬ್ ಜೊತೆಗೆ ಅದನ್ನು ಹಿಡಿದುಕೊಂಡು ಬಂದ ಎಲ್ಲವೂ.

'ದಿ ಚಿಗರಿ ಬಸ್ ರನ್ಸ್ ಬಿಟ್ವೀನ್ ಹುಬ್ಬಳ್ಳಿ ಆ್ಯಂಡ್ ಧಾರವಾಡ.' ಇಲ್ಲಿ ವರ್ಬ್ 'ರನ್ಸ್' ಮಾತ್ರ. ಪ್ರೆಡಿಕೇಟ್ 'ರನ್ಸ್' ಇಂದ ಹಿಡಿದು 'ಧಾರವಾಡ'ದವರೆಗೆ. 'ಬರ್ಡ್ಸ್ ಫ್ಲೈ' ಅನ್ನೋ ಸಣ್ಣ ವಾಕ್ಯದಲ್ಲಿ ವರ್ಬೂ ಪ್ರೆಡಿಕೇಟೂ ಒಂದೇ ಪದವಾಗಿ ಕಾಣುತ್ತವೆ. ಗೊಂದಲ ಶುರುವಾಗೋದು ಅಲ್ಲಿಂದಲೇ. ಕೆಲವು ಪುಸ್ತಕಗಳು ಬರೀ ವರ್ಬಿಗೆ ಸಿಂಪಲ್ ಪ್ರೆಡಿಕೇಟ್ ಅಂತಲೂ, ಪೂರ್ತಿ ಭಾಗಕ್ಕೆ ಕಂಪ್ಲೀಟ್ ಪ್ರೆಡಿಕೇಟ್ ಅಂತಲೂ ಹೆಸರಿಡುತ್ತವೆ. ಪ್ರಶ್ನೆಪತ್ರಿಕೆಯಲ್ಲಿ ಸುಮ್ನೆ ಪ್ರೆಡಿಕೇಟ್ ಅಂತಿದ್ದರೆ ಪೂರ್ತಿ ಭಾಗವನ್ನೇ ಬರೆಯಿರಿ.

ಮೇಡಂ, ವಾಕ್ಯದೊಳಗ ಸಬ್ಜೆಕ್ಟ್ ಹುಡುಕೋದು ಹ್ಯಾಂಗ? ಮೊದಲನೇ ಪದ ಬರದ್ರ ಒಮ್ಮೊಮ್ಮೆ ಸರಿ ಆಗ್ತದ, ಒಮ್ಮೊಮ್ಮೆ ತಪ್ಪತದ.

ಸಬ್ಜೆಕ್ಟನ್ನು ಮೊದಲು ಹುಡುಕಲೇಬೇಡಿ. ಮೊದಲು ವರ್ಬ್ ಹುಡುಕಿ. ನಾನು ಎಲ್ಲರಿಗೂ ಮೊದಲ ದಿನ ಹೇಳೋದು ಇದನ್ನೇ, ಕೊನೆಯ ದಿನ ಹೇಳೋದೂ ಇದನ್ನೇ.

ವರ್ಬ್ ಗುರುತಿಸಲು ಒಂದು ಉಪಾಯ ಇದೆ. ವಾಕ್ಯದ ಕಾಲ ಬದಲಾಯಿಸಿ. ಇವತ್ತಿನ ಮಾತನ್ನು ನಿನ್ನೆಗೆ ಒಯ್ಯಿರಿ. ಆಗ ಯಾವ ಪದ ರೂಪ ಬದಲಿಸುತ್ತದೋ ಅದೇ ವರ್ಬ್. 'ದಿ ಸ್ಮೆಲ್ ಆಫ್ ಫ್ರೆಶ್ ಪೇಡಾ ಫಿಲ್ಸ್ ದಿ ಸ್ಟ್ರೀಟ್' ಅನ್ನುವುದನ್ನು ನಿನ್ನೆಗೆ ಒಯ್ದರೆ 'ಫಿಲ್ಸ್' ಹೋಗಿ 'ಫಿಲ್ಡ್' ಆಗುತ್ತದೆ. ಉಳಿದ ಯಾವ ಪದವೂ ಅಲುಗಾಡಲ್ಲ. ವರ್ಬ್ ಸಿಕ್ಕಿತು. ಈಗ ಅದರ ಮುಂದೆ 'ಯಾರು' ಅಥವಾ 'ಏನು' ಇಟ್ಟು ಕೇಳಿ. ಬೀದಿ ತುಂಬ ಹರಡಿದ್ದು ಏನು? ಪೇಡಾ ಅಲ್ಲ, ಪೇಡಾದ ವಾಸನೆ. ಹಾಗಾಗಿ ಸಬ್ಜೆಕ್ಟ್ 'ದಿ ಸ್ಮೆಲ್ ಆಫ್ ಫ್ರೆಶ್ ಪೇಡಾ'. ಮಿಕ್ಕಿದ್ದು ಪ್ರೆಡಿಕೇಟ್.

ರಾಣೆಬೆನ್ನೂರಿನ ಕಡೆಯ ಒಬ್ಬ ಹುಡುಗಿ ಬೋರ್ಡಿನ ಮುಂದೆ ನಿಂತಿದ್ದಳು. ಬರೆದಿದ್ದ ವಾಕ್ಯ 'ಇನ್ ದಿ ಮಾರ್ನಿಂಗ್ ದಿ ಮಿಲ್ಕ್‌ಮ್ಯಾನ್ ಕಮ್ಸ್'. ಕೆಂಪು ಸೀಮೆಸುಣ್ಣ ಹಿಡಿದು ಸೀದಾ 'ಇನ್ ದಿ ಮಾರ್ನಿಂಗ್' ಕೆಳಗೆ ಗೆರೆ ಎಳೆದಳು. ನಾನು ಏನೂ ಹೇಳಲಿಲ್ಲ. 'ಕಮ್ಸ್ ಅಂದ್ರ ಯಾರು ಬರ್ತಾರವ್ವಾ?' ಅಂತ ಮಾತ್ರ ಕೇಳಿದೆ. 'ಹಾಲಿನಾಂವ' ಅಂದಳು. ಹೇಳಿದವಳೇ ನಿಂತಳು, ಹೆಬ್ಬೆರಳಿನಿಂದ ಆ ಗೆರೆ ಒರೆಸಿದಳು, 'ದಿ ಮಿಲ್ಕ್‌ಮ್ಯಾನ್' ಕೆಳಗೆ ಎಳೆದಳು. ಅವಳಿಗೆ ಉತ್ತರ ಮೊದಲೇ ಗೊತ್ತಿತ್ತು. ಪ್ರಶ್ನೆಯನ್ನು ವರ್ಬಿನಿಂದ ಶುರು ಮಾಡಬೇಕು ಅಂತ ಯಾರೂ ಹೇಳಿರಲಿಲ್ಲ, ಅಷ್ಟೇ.

ಕನ್ನಡದಾಗ 'ಬಂದೆ' ಅಂದ್ರ ಮುಗೀತು. ಇಂಗ್ಲಿಷ್‌ನಾಗ 'ಐ' ಯಾಕ ಹಾಕಬೇಕು?

ನಮ್ಮ ಕ್ರಿಯಾಪದ ಸಬ್ಜೆಕ್ಟನ್ನು ಬಾಲದಲ್ಲೇ ಕಟ್ಟಿಕೊಂಡು ಓಡಾಡುತ್ತದೆ. ಬಂದೆ, ಬಂದ, ಬಂದಳು, ಬಂದರು, ಬಂತು. ಕೊನೆಯ ಅಕ್ಷರ ಕೇಳಿದರೆ ಸಾಕು, ಬಂದಿದ್ದು ನಾನೋ, ಗಂಡಸೋ, ಹೆಂಗಸೋ, ದನವೋ ಗೊತ್ತಾಗುತ್ತದೆ. ಇಂಗ್ಲಿಷಿನಲ್ಲಿ ಈ ಐದಕ್ಕೂ 'ಕೇಮ್' ಒಂದೇ. ಬರೀ 'ಕೇಮ್' ಅಂದರೆ ಯಾರು ಬಂದರು ಅಂತ ತಿಳಿಯೋದು ಹೇಗೆ? ಅದಕ್ಕೇ ಸಬ್ಜೆಕ್ಟನ್ನು ಬೇರೆಯಾಗಿ ಹೇಳಲೇಬೇಕು. ಹಳೆಯ ಇಂಗ್ಲಿಷಿನಲ್ಲಿ ವರ್ಬಿನ ಕೊನೆಗೆ ಇನ್ನೂ ಹೆಚ್ಚು ಪ್ರತ್ಯಯಗಳಿದ್ದವು. ಅವೆಲ್ಲ ಸವೆದು ಹೋಗಿ ಈಗ ವರ್ತಮಾನ ಕಾಲದ 'ಕಮ್ಸ್' ಥರದ ಪದದಲ್ಲಿ ಒಂದು 'ಎಸ್' ಉಳಿದಿದೆ.

ಅಪ್ಪಣೆ ಕೊಡುವಾಗ ಮಾತ್ರ ಸಬ್ಜೆಕ್ಟ್ ಬಿಡಬಹುದು. 'ಸಿಟ್ ಡೌನ್' ಅಂದಾಗ ಕೂರಬೇಕಾದವರು ಎದುರಿಗೇ ಇದ್ದಾರೆ. ಅಲ್ಲಿ 'ಯು' ಅಡಗಿದೆ ಅಂತ ತಿಳಿಯಿರಿ. 'ಸಿಟ್ ಡೌನ್' ಪೂರ್ತಿ ಪ್ರೆಡಿಕೇಟ್.

'ಅವನು ಮಾಸ್ತರ' ಅನ್ನೋದರಲ್ಲಿ ಕ್ರಿಯಾಪದವೇ ಇಲ್ಲ. ಅದಕ್ಕೂ ಪ್ರೆಡಿಕೇಟ್ ಇರುತ್ತಾ?

ಇರುತ್ತೆ. ಕನ್ನಡದಲ್ಲಿ 'ಮಾಸ್ತರ' ಅನ್ನೋ ನಾಮಪದ ಒಂದೇ ನಿಂತು ಪ್ರೆಡಿಕೇಟಿನ ಕೆಲಸ ಮಾಡುತ್ತದೆ. 'ಇದು ನಮ್ಮ ಮನೆ', 'ಅವಳ ಹೆಸರು ನೀಲವ್ವ', ಯಾವುದರಲ್ಲೂ ಕ್ರಿಯಾಪದ ಇಲ್ಲ. ಆದರೂ ವಾಕ್ಯದಲ್ಲಿ ಏನೂ ಕೊರತೆ ಕಾಣಲ್ಲ. ಇಂಗ್ಲಿಷ್ ಇದಕ್ಕೆ ಒಪ್ಪಲ್ಲ. ಅಲ್ಲಿ ಪ್ರೆಡಿಕೇಟ್ ಅಂದರೆ ಒಳಗೆ ವರ್ಬ್ ಇರಲೇಬೇಕು. ಹೇಳೋಕೆ ಕೆಲಸವೇನೂ ಇಲ್ಲದಿದ್ದರೂ 'ಈಸ್' ತಂದು ಕೂರಿಸಬೇಕು. 'ಹಿ ಈಸ್ ಎ ಟೀಚರ್.'

ಈ ಪ್ರಶ್ನೆ ನನ್ನ ಮನಸ್ಸಿಗೆ ಹತ್ತಿರದ್ದು. ಡಿಗ್ರಿ ಮುಗಿಸಿ ಕೆಲಸ ಕೇಳಿಕೊಂಡು ಒಂದು ಖಾಸಗಿ ಶಾಲೆಗೆ ಹೋಗಿದ್ದೆ. ಮನೆಯವರ ಬಗ್ಗೆ ಕೇಳಿದರು. 'ಮೈ ಫಾದರ್ ಫಾರ್ಮರ್, ಮೈ ಮದರ್ ಹೌಸ್‌ವೈಫ್' ಅಂದೆ. ಮೇಜಿನ ಆಚೆ ಕೂತಿದ್ದ ಇಬ್ಬರೂ ನಕ್ಕರು. ತಪ್ಪು ಎಲ್ಲಿ ಅಂತ ಹೇಳಲಿಲ್ಲ. ಮನೆಗೆ ಬಂದು ಎಷ್ಟೋ ದಿನ ಆ ವಾಕ್ಯ ತಲೆಯಲ್ಲಿ ತಿರುಗುತ್ತಿತ್ತು. 'ನಮ್ಮಪ್ಪ ರೈತ, ನಮ್ಮವ್ವ ಗೃಹಿಣಿ' ಅನ್ನೋದು ಅಪ್ಪಟ ಕನ್ನಡ. ನಾನು ಕನ್ನಡದ ನಿಯಮವನ್ನು ಸರಿಯಾಗಿಯೇ ಪಾಲಿಸಿದ್ದೆ, ಪದಗಳು ಮಾತ್ರ ಇಂಗ್ಲಿಷಿನವು. ನನ್ನ ಎದುರು ಕೂತವರು ಇದೇ ತಪ್ಪು ಮಾಡಿದಾಗ ನಾನು ಮೊದಲು ಹೇಳೋದು, ನಿಮ್ಮ ಕನ್ನಡ ಸರಿ ಇದೆ, ಈಗ ಇಲ್ಲೊಂದು 'ಈಸ್' ಇಡೋಣ ಅಂತ.

## ಸ್ವಲ್ಪ ಓದಿದ ಮೇಲೆ ಬರುವವು

ಆಬ್ಜೆಕ್ಟ್ ಮತ್ತು ಕಾಂಪ್ಲಿಮೆಂಟ್ ಎರಡೂ ವರ್ಬ್ ಆದ ಮೇಲೇ ಬರ್ತಾವು. ಬೇರೆ ಮಾಡೋದು ಹ್ಯಾಂಗ?

ಎರಡು ವಾಕ್ಯ ಪಕ್ಕಪಕ್ಕ ಇಡೋಣ. 'ಗಂಗೂಬಾಯಿ ಹಾನಗಲ್ ವಾಸ್ ಎ ಸಿಂಗರ್.' 'ಗಂಗೂಬಾಯಿ ಹಾನಗಲ್ ಟಾಟ್ ಎ ಸಿಂಗರ್.' ಮೊದಲನೆಯದರಲ್ಲಿ ಗಂಗೂಬಾಯಿಯವರೇ ಆ ಗಾಯಕಿ. ಒಬ್ಬರೇ ವ್ಯಕ್ತಿ. ನಡುವೆ ಸಮ ಚಿಹ್ನೆ ಹಾಕಬಹುದು. ಅದು ಕಾಂಪ್ಲಿಮೆಂಟ್. ಎರಡನೆಯದರಲ್ಲಿ ಕಲಿಸಿದವರು ಒಬ್ಬರು, ಕಲಿತವರು ಇನ್ನೊಬ್ಬರು. ಅದು ಆಬ್ಜೆಕ್ಟ್. ಕನ್ನಡಕ್ಕೆ ತಂದರೆ ಇನ್ನೂ ಸುಲಭ: 'ಗಾಯಕಿಯಾಗಿದ್ದರು', 'ಗಾಯಕಿಗೆ ಕಲಿಸಿದರು'.

ಕಾಂಪ್ಲಿಮೆಂಟ್ ವಿಶೇಷಣವೂ ಆಗಬಹುದು. 'ದಿ ಪೇಡಾ ಟೇಸ್ಟ್ಸ್ ಸ್ವೀಟ್.' ಇಲ್ಲಿ 'ಸ್ವೀಟ್ಲಿ' ಅಂತ ಬರೆದವರು ಬಹಳ ಜನ. ಪೇಡಾ ಏನನ್ನೂ ಸಿಹಿಯಾಗಿ ಮಾಡುತ್ತಿಲ್ಲ, ತಾನೇ ಸಿಹಿ. 'ಟೇಸ್ಟ್ಸ್' ತೆಗೆದು 'ಈಸ್' ಇಟ್ಟು ನೋಡಿ, ವಾಕ್ಯ ಕೂರುತ್ತದೆ. ಹಾಗೆ ಕೂತರೆ ಮುಂದಿನದು ಕಾಂಪ್ಲಿಮೆಂಟ್. 'ದಿ ಕುಕ್ ಟೇಸ್ಟ್ಸ್ ದಿ ಸಾಂಬಾರ್' ಅನ್ನೋದಕ್ಕೆ 'ಈಸ್' ಇಟ್ಟರೆ ಅಡುಗೆಯವನೇ ಸಾಂಬಾರ್ ಆಗಿಬಿಡುತ್ತಾನೆ! ಹಾಗಾಗಿ ಅಲ್ಲಿ ಆಬ್ಜೆಕ್ಟ್. ವರ್ಬ್ ಒಂದೇ ಆದರೂ ಕೆಲಸ ಎರಡು ಥರ.

'ಅವ್ವ ಗೇವ್ ಮಿ ಎ ರೊಟ್ಟಿ.' ಇಲ್ಲಿ ಆಬ್ಜೆಕ್ಟ್ 'ಮಿ'ನೋ ರೊಟ್ಟಿನೋ?

ಎರಡೂ. ಕೊಟ್ಟಿದ್ದು ರೊಟ್ಟಿ, ಅದು ಡೈರೆಕ್ಟ್ ಆಬ್ಜೆಕ್ಟ್. ಕೊಟ್ಟಿದ್ದು ನನಗೆ, ಅದು ಇನ್‌ಡೈರೆಕ್ಟ್ ಆಬ್ಜೆಕ್ಟ್. ಕನ್ನಡದಲ್ಲಿ 'ಗೆ' ಬಂದ ಕಡೆ ಬಹಳ ಸಲ ಇನ್‌ಡೈರೆಕ್ಟ್ ಇರುತ್ತದೆ. 'ಟು' ಇಲ್ಲದಿದ್ದರೆ 'ಮಿ' ಮೊದಲು ಬರಬೇಕು. 'ರೊಟ್ಟಿ' ಮೊದಲು ಬಂದರೆ 'ಟು ಮಿ' ಅನ್ನಬೇಕು.

'ನನಗೆ ಜ್ವರ ಬಂದಿದೆ', 'ನನಗೆ ಇಬ್ಬರು ಮಕ್ಕಳು', ಇವನ್ನು ಇಂಗ್ಲಿಷಿಗೆ ತಂದರೆ ಸಬ್ಜೆಕ್ಟ್ ಯಾವುದು?

ಇದು ನಿಜಕ್ಕೂ ಒಳ್ಳೆಯ ಪ್ರಶ್ನೆ. ಕನ್ನಡದಲ್ಲಿ ಜ್ವರ, ಹಸಿವು, ಸಿಟ್ಟು, ನೆನಪು ಇವೆಲ್ಲ ನಮ್ಮ ಹತ್ತಿರ ಬರುತ್ತವೆ. ಬರುವುದು ಜ್ವರ, ನಾವು ಬರಮಾಡಿಕೊಳ್ಳುವವರು. ಅದಕ್ಕೇ 'ನನಗೆ'. ಇಂಗ್ಲಿಷ್ ಇದನ್ನು ತಿರುಗಿಸಿ ನೋಡುತ್ತದೆ. ಅನುಭವಿಸುವ ಮನುಷ್ಯನನ್ನು ಎತ್ತಿ ಸಬ್ಜೆಕ್ಟಿನ ಜಾಗದಲ್ಲಿ ಕೂರಿಸುತ್ತದೆ. 'ಐ ಹ್ಯಾವ್ ಎ ಫೀವರ್.' 'ಐ ಹ್ಯಾವ್ ಟು ಚಿಲ್ಡ್ರನ್.' 'ಐ ಆ್ಯಮ್ ಹಂಗ್ರಿ.'

ವಾಕ್ಯ ಕಟ್ಟುವಾಗ 'ನನಗೆ' ಅನ್ನೋದಕ್ಕೆ 'ಟು ಮಿ' ಹುಡುಕಬೇಡಿ. ಜ್ವರ ಯಾರ ಮೈಯಲ್ಲಿದೆ ಅಂತ ಕೇಳಿಕೊಳ್ಳಿ. ಆ ಮನುಷ್ಯ ಸಬ್ಜೆಕ್ಟ್. 'ನನಗೆ ಚಹಾ ಬೇಕು', 'ನನಗೆ ಈಜು ಬರುತ್ತೆ', 'ನನಗೆ ಗೊತ್ತು' ಎಲ್ಲಕ್ಕೂ ಇದೇ ದಾರಿ: 'ಐ ವಾಂಟ್', 'ಐ ಕ್ಯಾನ್ ಸ್ವಿಮ್', 'ಐ ನೋ'.

'ಇಟ್ ಈಸ್ ರೇನಿಂಗ್' ಅಂತಾರಲ್ಲ, ಆ 'ಇಟ್' ಅಂದ್ರ ಯಾರ್ರೀ? ಮೋಡನಾ, ದೇವರಾ?

ಯಾರೂ ಅಲ್ಲ. ಇಂಗ್ಲಿಷ್ ವಾಕ್ಯದಲ್ಲಿ ಸಬ್ಜೆಕ್ಟಿನ ಕುರ್ಚಿ ಖಾಲಿ ಇರುವಂತಿಲ್ಲ. ಕೂರಲು ಯಾರೂ ಇಲ್ಲದಿದ್ದರೆ 'ಇಟ್' ತಂದು ಕೂರಿಸುತ್ತಾರೆ. ನಮ್ಮಲ್ಲಿ 'ಮಳೆ ಬರಾಕತ್ತೈತಿ' ಅಂದರೆ ಬರೋದು ಮಳೆ, ಸಬ್ಜೆಕ್ಟ್ ಕಣ್ಣೆದುರೇ ಇದೆ. ಇಂಗ್ಲಿಷಿನಲ್ಲಿ ಮಳೆಯೇ ವರ್ಬ್ ಆಗಿಬಿಟ್ಟಿದೆ. ಹಾಗಾಗಿ ಬರುವವರು ಯಾರೂ ಉಳಿದಿಲ್ಲ. 'ಇಟ್ ಈಸ್ ಲೇಟ್', 'ಇಟ್ ಈಸ್ ಹಾಟ್ ಇನ್ ಏಪ್ರಿಲ್' ಇವೂ ಹಾಗೇ. ವ್ಯಾಕರಣದಲ್ಲಿ ಇದಕ್ಕೆ ಡಮ್ಮಿ ಸಬ್ಜೆಕ್ಟ್ ಅನ್ನುತ್ತಾರೆ.

ಹಂಗಾರ 'ದೇರ್ ಆರ್' ವಾಕ್ಯದಾಗ 'ದೇರ್' ಸಬ್ಜೆಕ್ಟಾ?

ಸಬ್ಜೆಕ್ಟಿನ ಜಾಗ ಹಿಡಿದಿದೆ, ಆದರೆ ವರ್ಬ್ ನೋಡೋದು ಹಿಂದೆ ನಿಂತ ನಾಮಪದವನ್ನು. 'ದೇರ್ ಈಸ್ ಎ ಲೇಕ್ ಇನ್ ಉಣಕಲ್.' ಕೆರೆ ಒಂದು, ಹಾಗಾಗಿ 'ಈಸ್'. 'ದೇರ್ ಆರ್ ಮೆನಿ ಬೋಟ್ಸ್ ಆನ್ ದಿ ಲೇಕ್.' ದೋಣಿ ಹಲವು, ಹಾಗಾಗಿ 'ಆರ್'. ಶಾಲೆಯ ಪುಸ್ತಕಗಳು ಹಿಂದೆ ಬರುವ ಆ ನಾಮಪದವನ್ನೇ ನಿಜವಾದ ಸಬ್ಜೆಕ್ಟ್ ಅನ್ನುತ್ತವೆ. ಪರೀಕ್ಷೆಯಲ್ಲಿ ಅದನ್ನೇ ಬರೆಯಿರಿ.

ಸಬ್ಜೆಕ್ಟ್ ಉದ್ದ ಇದ್ದಾಗ 'ಈಸ್' ಹಾಕಬೇಕಾ 'ಆರ್' ಹಾಕಬೇಕಾ, ಪ್ರತಿ ಸಲ ತಪ್ಪುತ್ತೆ.

ಪ್ರತಿ ಸಲ ತಪ್ಪೋಕೆ ಕಾರಣ ಇದೆ. 'ಬ್ಯಾಡಗಿ ಮೆಣಸಿನಕಾಯಿಗಳ ಬೆಲೆ ಏರಿದೆ' ಅನ್ನಿ. ಮುಖ್ಯ ಪದ 'ಬೆಲೆ'. ಅದು 'ಏರಿದೆ' ಪಕ್ಕದಲ್ಲೇ ಕೂತಿದೆ. ಮೆಣಸಿನಕಾಯಿಗಳು ಹಿಂದೆ ದೂರ ಇವೆ. ಕನ್ನಡದಲ್ಲಿ ವಿವರ ಮೊದಲು ಬಂದು ಮುಖ್ಯ ಪದ ಕೊನೆಗೆ ಬರುತ್ತದೆ. ಇಂಗ್ಲಿಷಿನಲ್ಲಿ ಇದು ಉಲ್ಟಾ: 'ದಿ ಪ್ರೈಸ್ ಆಫ್ ಬ್ಯಾಡಗಿ ಚಿಲ್ಲೀಸ್ ಈಸ್ ಹೈ.' ಮುಖ್ಯ ಪದ 'ಪ್ರೈಸ್' ಮೊದಲೇ ಬಂದು ಹೋಯಿತು. ವರ್ಬಿನ ಪಕ್ಕ ಈಗ ಕೂತಿರೋದು 'ಚಿಲ್ಲೀಸ್'. ಪಕ್ಕದಲ್ಲಿರೋದನ್ನು ನಂಬೋದು ನಮಗೆ ರೂಢಿ. ಬಹುವಚನ ನೋಡಿ 'ಆರ್' ಹಾಕಿಬಿಡುತ್ತೇವೆ.

'ಆಫ್', 'ಇನ್', 'ವಿತ್' ಕಂಡ ಕೂಡಲೇ ಅಲ್ಲಿಂದ ವರ್ಬಿನವರೆಗೆ ಬೆರಳಿಂದ ಮುಚ್ಚಿ. ಮೇಲೆ ಉಳಿದದ್ದು 'ದಿ ಪ್ರೈಸ್'. ಬೆಲೆ ಒಂದು. 'ಈಸ್'. 'ದಿ ಸ್ಯಾಕ್ಸ್ ಇನ್ ದಿ ಗೋಡೌನ್' ಅಂದರೆ ಉಳಿಯೋದು 'ದಿ ಸ್ಯಾಕ್ಸ್'. ಚೀಲ ಹಲವು. 'ಆರ್'. ಸ್ಪರ್ಧಾ ಪರೀಕ್ಷೆಗಳಿಗೆ ಈ ಬಲೆ ಬಹಳ ಪ್ರೀತಿ.

## ಪರೀಕ್ಷೆ ಹತ್ತಿರ ಬಂದಾಗ ಬರುವವು

ಪ್ರಶ್ನೆವಾಕ್ಯದಲ್ಲಿ ಸಬ್ಜೆಕ್ಟ್ ನಡುವೆ ಬಂದು ಕೂತಿರುತ್ತೆ. ಆಗ ಪ್ರೆಡಿಕೇಟ್ ಯಾವ ಕಡೆ?

ಎರಡೂ ಕಡೆ. 'ಹ್ಯಾಸ್ ದಿ ಬಸ್ ಕಮ್?' ಅನ್ನೋದರಲ್ಲಿ 'ಹ್ಯಾಸ್' ಈ ಕಡೆ, 'ಕಮ್' ಆ ಕಡೆ. ಎರಡೂ ಸೇರಿ ಪ್ರೆಡಿಕೇಟ್. ನಾವು 'ಬಂತು' ಅನ್ನೋದಕ್ಕೆ ದೀರ್ಘ ಎಳೆದು 'ಬಂತಾ?' ಅಂದರೆ ಪ್ರಶ್ನೆ ಆಯಿತು. ಇಂಗ್ಲಿಷಿಗೆ ಜಾಗ ಬದಲಿಸದೆ ಆಗಲ್ಲ. ಪ್ರಶ್ನೆಯನ್ನು ಉತ್ತರವಾಗಿ ತಿರುಗಿಸಿ ಬರೆದುಕೊಳ್ಳಿ: 'ದಿ ಬಸ್ ಹ್ಯಾಸ್ ಕಮ್.' ಈಗ ಗೆರೆ ಎಳೆಯೋದು ಸುಲಭ. 'ಯೆಸ್ಟರ್ಡೇ ಹಿ ಲೆಫ್ಟ್ ಗದಗ' ಥರದ ವಾಕ್ಯದಲ್ಲೂ 'ಯೆಸ್ಟರ್ಡೇ' ಮುಂದೆ ಬಂದಿದ್ದರೂ ಸೇರೋದು ಪ್ರೆಡಿಕೇಟಿಗೇ. ಯಾವಾಗ ಹೋದ ಅಂತ ಅದು ಹೇಳುತ್ತದೆ.

'ಬಂದು, ಉಂಡು, ಮಲಗಿದ' ಅನ್ನೋದರಲ್ಲಿ ಪ್ರೆಡಿಕೇಟ್ ಎಷ್ಟು?

ಕನ್ನಡದಲ್ಲಿ ಪೂರ್ಣ ಕ್ರಿಯಾಪದ 'ಮಲಗಿದ' ಒಂದೇ. 'ಬಂದು', 'ಉಂಡು' ಅದರ ಬೆನ್ನಿಗೆ ಬಂದ ಕೃದಂತಗಳು, ಅಂದರೆ ತಾವೇ ವಾಕ್ಯ ಮುಗಿಸಲಾಗದ ಕ್ರಿಯಾರೂಪಗಳು. ಇಂಗ್ಲಿಷ್ ಸಾಮಾನ್ಯವಾಗಿ ಮೂರನ್ನೂ ಪೂರ್ಣ ವರ್ಬ್ ಮಾಡುತ್ತದೆ. 'ಹಿ ಕೇಮ್, ಏಟ್ ಆ್ಯಂಡ್ ಸ್ಲೆಪ್ಟ್.' ಒಬ್ಬನೇ ಸಬ್ಜೆಕ್ಟ್, ಮೂರು ವರ್ಬ್. ಇದನ್ನು ಕಾಂಪೌಂಡ್ ಪ್ರೆಡಿಕೇಟ್ ಅನ್ನುತ್ತಾರೆ. 'ಹಿ ಕೇಮ್ ಆ್ಯಂಡ್ ಶಿ ಲೆಫ್ಟ್' ಅಂದರೆ ಕಥೆ ಬೇರೆ. ಅಲ್ಲಿ ಸಬ್ಜೆಕ್ಟೇ ಎರಡಿವೆ, ವಾಕ್ಯವೇ ಎರಡು ಸೇರಿ ಕಾಂಪೌಂಡ್ ಸೆಂಟೆನ್ಸ್ ಆಗಿದೆ. 'ಆ್ಯಂಡ್' ಆದ ಮೇಲೆ ಹೊಸ ಸಬ್ಜೆಕ್ಟ್ ಇದೆಯಾ ಅಂತ ನೋಡಿದರೆ ಸಾಕು.

'ಬಿಕಾಸ್ ದಿ ಬಸ್ ವಾಸ್ ಲೇಟ್.' ಸಬ್ಜೆಕ್ಟ್ ಇದೆ, ಪ್ರೆಡಿಕೇಟ್ ಇದೆ. ಮತ್ಯಾಕೆ ಇದು ವಾಕ್ಯ ಅಲ್ಲ ಅಂತಾರೆ?

'ಬಿಕಾಸ್' ಇದೆಯಲ್ಲ, ಅದು ಕನ್ನಡದ 'ಬಸ್ ತಡವಾದದ್ದರಿಂದ' ಅನ್ನೋದರ ಹಾಗೆ. ಅಷ್ಟು ಹೇಳಿ ನಿಲ್ಲಿಸಿದರೆ ಕೇಳುವವರು 'ತಡ ಆದದ್ದರಿಂದ ಏನಾಯ್ತು?' ಅಂತ ಕಾಯುತ್ತಾರೆ. ಸಬ್ಜೆಕ್ಟ್, ಪ್ರೆಡಿಕೇಟ್ ಎರಡೂ ಇದ್ದರೆ ಅದು ಕ್ಲಾಜ್. ತನ್ನ ಕಾಲ ಮೇಲೆ ನಿಲ್ಲುವ ಕ್ಲಾಜ್ ಮಾತ್ರ ವಾಕ್ಯ. ಎರಡೂ ಇಲ್ಲದ ಪದಗಳ ಗುಂಪು, 'ನಿಯರ್ ದಿ ಬಸ್ ಸ್ಟ್ಯಾಂಡ್' ಥರದ್ದು, ಫ್ರೇಜ್.

ಪ್ಯಾಸಿವ್ (ಕರ್ಮಣಿ ಪ್ರಯೋಗ) ಮಾಡಿದಾಗ ಕರ್ತೃನೇ ಸಬ್ಜೆಕ್ಟ್ ಅಲ್ವಾ?

ಇಲ್ಲ. ಕರ್ತೃ ಅಂದರೆ ಕೆಲಸ ಮಾಡಿದವನು. ಸಬ್ಜೆಕ್ಟ್ ಅಂದರೆ ವಾಕ್ಯದಲ್ಲಿ ವರ್ಬ್ ಯಾರಿಗೆ ಹೊಂದಿಕೊಳ್ಳುತ್ತದೋ ಅದು. ಬಹಳ ಸಲ ಎರಡೂ ಒಬ್ಬರೇ, ಪ್ಯಾಸಿವ್‌ನಲ್ಲಿ ಬೇರೆ ಬೇರೆ. 'ದಿ ಓಲ್ಡ್ ಧಾರವಾಡ ಡಿಸ್ಟ್ರಿಕ್ಟ್ ವಾಸ್ ಡಿವೈಡೆಡ್ ಇನ್ 1997.' ಗದಗ, ಹಾವೇರಿ ಜಿಲ್ಲೆಗಳು ಹುಟ್ಟಿದ ವರ್ಷ ಅದು. ಜಿಲ್ಲೆ ತನ್ನನ್ನು ತಾನು ಒಡೆದುಕೊಂಡಿಲ್ಲ, ಒಡೆದದ್ದು ಸರ್ಕಾರ. ಆದರೆ ವಾಕ್ಯದಲ್ಲಿ ಸರ್ಕಾರದ ಹೆಸರೇ ಇಲ್ಲ. ಸಬ್ಜೆಕ್ಟ್ 'ದಿ ಓಲ್ಡ್ ಧಾರವಾಡ ಡಿಸ್ಟ್ರಿಕ್ಟ್'. ಸಬ್ಜೆಕ್ಟ್ ಅನ್ನೋದಕ್ಕೆ ಕಣ್ಣು ಮುಚ್ಚಿ ಕರ್ತೃ ಅಂತ ಅನುವಾದ ಮಾಡಿಕೊಂಡವರು ಇಲ್ಲಿ ಎಡವುತ್ತಾರೆ.

ಪ್ರೆಡಿಕೇಟ್ ಅಂದರೆ ಏನು ಅಂತ ಒಂದು ಪುಸ್ತಕ ಒಂದು ಥರ ಹೇಳುತ್ತೆ, ಇನ್ನೊಂದು ಇನ್ನೊಂದು ಥರ. ಯಾವುದು ಸರಿ?

ಎರಡಕ್ಕೂ ಹಿನ್ನೆಲೆ ಇದೆ. ವಾಕ್ಯವನ್ನು ಸಬ್ಜೆಕ್ಟ್, ಪ್ರೆಡಿಕೇಟ್ ಅಂತ ಎರಡು ಹೋಳು ಮಾಡುವುದು ಗ್ರೀಸಿನ ಅರಿಸ್ಟಾಟಲ್ ಕಾಲದ ತರ್ಕದಿಂದ ಬಂದದ್ದು. ಶಾಲೆಯ ವ್ಯಾಕರಣ ಇದನ್ನೇ ಇಟ್ಟುಕೊಂಡಿದೆ. 1879ರಲ್ಲಿ ಜರ್ಮನಿಯ ಫ್ರೇಗೆ ಎಂಬ ತರ್ಕಶಾಸ್ತ್ರಜ್ಞ ಬೇರೆ ದಾರಿ ತೋರಿಸಿದ. ಅವನ ಪ್ರಕಾರ 'ಗೇವ್' ಅನ್ನೋದು ಖಾಲಿ ಜಾಗಗಳಿರುವ ಒಂದು ಚೌಕಟ್ಟು. ಕೊಟ್ಟವರು, ಪಡೆದವರು, ಕೊಟ್ಟ ವಸ್ತು ಈ ಮೂವರೂ ಬಂದು ಆ ಜಾಗ ತುಂಬುತ್ತಾರೆ. ಈ ಲೆಕ್ಕದಲ್ಲಿ ಪ್ರೆಡಿಕೇಟ್ ಅಂದರೆ ಹೆಚ್ಚು ಕಡಿಮೆ ವರ್ಬ್ ಮಾತ್ರ. ಭಾಷಾವಿಜ್ಞಾನ ಓದುವವರಿಗೆ ಈ ಎರಡನೆಯದು ಬೇಕಾಗುತ್ತದೆ. ನನಗೂ ಅದೇ ಹೆಚ್ಚು ಇಷ್ಟ, ಕನ್ನಡದ ಕ್ರಿಯಾಪದಕ್ಕೆ ಅದು ಚೆನ್ನಾಗಿ ಒಪ್ಪುತ್ತದೆ. ಟಿಇಟಿಗೆ, ಎಫ್‌ಡಿಎಗೆ ಮೊದಲನೆಯದನ್ನೇ ಬರೆಯಿರಿ.

ಒಂದು ದೊಡ್ಡ ವಾಕ್ಯ ತಗೊಂಡು ಪೂರ್ತಿ ಬಿಡಿಸಿ ತೋರಸ್ರಿ.

ಹುಬ್ಬಳ್ಳಿ ರೈಲು ನಿಲ್ದಾಣದ್ದೇ ತೆಗೆದುಕೊಳ್ಳೋಣ. 'ದಿ ಪ್ಲಾಟ್‌ಫಾರ್ಮ್ ದಟ್ ವಾಸ್ ಓಪನ್ಡ್ ಇನ್ ಹುಬ್ಬಳ್ಳಿ ಇನ್ 2023 ಈಸ್ 1507 ಮೀಟರ್ಸ್ ಲಾಂಗ್ ಆ್ಯಂಡ್ ಹೋಲ್ಡ್ಸ್ ದಿ ವರ್ಲ್ಡ್ ರೆಕಾರ್ಡ್.'

ಮೊದಲು ವರ್ಬ್. ಮೂರು ಸಿಗುತ್ತವೆ: 'ವಾಸ್ ಓಪನ್ಡ್', 'ಈಸ್', 'ಹೋಲ್ಡ್ಸ್'. ಮೊದಲನೆಯದರ ಮುಂದೆ 'ದಟ್' ಇದೆ. ಅಂದರೆ ಅದು ಒಳಗಿನ ಕ್ಲಾಜಿನ ವರ್ಬ್, ಯಾವ ಪ್ಲಾಟ್‌ಫಾರ್ಮ್ ಅಂತ ಹೇಳೋಕೆ ಬಂದದ್ದು. 'ದಟ್' ಇಂದ '2023'ರವರೆಗೆ ಬೆರಳಿಟ್ಟು ಮುಚ್ಚಿ. ಉಳಿದದ್ದು 'ದಿ ಪ್ಲಾಟ್‌ಫಾರ್ಮ್ ಈಸ್ 1507 ಮೀಟರ್ಸ್ ಲಾಂಗ್ ಆ್ಯಂಡ್ ಹೋಲ್ಡ್ಸ್ ದಿ ವರ್ಲ್ಡ್ ರೆಕಾರ್ಡ್'. ಮುಖ್ಯ ಪದ 'ಪ್ಲಾಟ್‌ಫಾರ್ಮ್', ಒಂದೇ, ಅದಕ್ಕೇ 'ಈಸ್' ಮತ್ತು 'ಹೋಲ್ಡ್ಸ್'. ಬೆರಳು ತೆಗೆದರೆ ಪೂರ್ತಿ ಸಬ್ಜೆಕ್ಟ್ 'ದಿ ಪ್ಲಾಟ್‌ಫಾರ್ಮ್' ಇಂದ '2023'ರವರೆಗೆ. 'ಆ್ಯಂಡ್' ಆದ ಮೇಲೆ ಹೊಸ ಸಬ್ಜೆಕ್ಟ್ ಇಲ್ಲ, ಹಾಗಾಗಿ ಕಾಂಪೌಂಡ್ ಪ್ರೆಡಿಕೇಟ್. 'ಲಾಂಗ್' ಕಾಂಪ್ಲಿಮೆಂಟ್, ಎಷ್ಟು ಉದ್ದ ಅಂತ '1507 ಮೀಟರ್ಸ್' ಹೇಳುತ್ತದೆ. 'ದಿ ವರ್ಲ್ಡ್ ರೆಕಾರ್ಡ್' ಆಬ್ಜೆಕ್ಟ್.

ಇದನ್ನೇ ಕನ್ನಡದಲ್ಲಿ ಹೇಳಿ ನೋಡಿ: 'ಹುಬ್ಬಳ್ಳಿಯಲ್ಲಿ 2023ರಲ್ಲಿ ಶುರುವಾದ ಪ್ಲಾಟ್‌ಫಾರ್ಮ್ 1507 ಮೀಟರ್ ಉದ್ದವಿದ್ದು ವಿಶ್ವದಾಖಲೆ ಮಾಡಿದೆ.' ಇಂಗ್ಲಿಷಿನ 'ವಾಸ್ ಓಪನ್ಡ್' ಇಲ್ಲಿ 'ಶುರುವಾದ' ಆಯಿತು, 'ಈಸ್' ಹೋಗಿ 'ಇದ್ದು' ಆಯಿತು. ಪೂರ್ಣ ಕ್ರಿಯಾಪದ ಅಂತ ಉಳಿದದ್ದು ಕೊನೆಯ 'ಮಾಡಿದೆ' ಒಂದೇ.